ರಸ್ತೆ ಅಪಘಾತದಲ್ಲಿ ಮನೆಯವರು ತೀರಿಕೊಂಡರೆ: ಪರಿಹಾರದ ಅರ್ಜಿಗೆ ಬೇಕಾದ ಕಾಗದ, ಲೆಕ್ಕ, ಗಡುವು

ಸಾವಾದ ಮೊದಲ ವಾರ ಕಾಗದಪತ್ರ ನೋಡುವ ಸ್ಥಿತಿಯಲ್ಲಿ ಮನೆಯವರು ಇರುವುದಿಲ್ಲ. ಆದರೆ ಮುಂದೆ ವರ್ಷಗಟ್ಟಲೆ ನಡೆಯಬಹುದಾದ ಕೇಸಿನ ಬುನಾದಿ ಬೀಳುವುದು ಆ ವಾರದಲ್ಲೇ. ಹಾಗಾಗಿ ಮೊದಲು ಮಾಡಬೇಕಾದ್ದು, ಠಾಣೆ-ಆಸ್ಪತ್ರೆ ಓಡಾಟಕ್ಕೆ ಓದುಬರಹ ಬಲ್ಲ, ಸಮಾಧಾನದ ಒಬ್ಬ ಬಂಧುವನ್ನು ಗೊತ್ತುಮಾಡುವುದು. ಹತ್ತು ಜನ ಹೋಗಿ ಹತ್ತು ಮಾತು ಹೇಳಿದರೆ ಕೇಸು ಅಲ್ಲೇ ಸಡಿಲವಾಗುತ್ತದೆ.

ಠಾಣೆಯಲ್ಲಿ, ಶವಾಗಾರದಲ್ಲಿ

ಫಿರ್ಯಾದಿನಲ್ಲಿ ಏನು ಬರೆಯುತ್ತೀರಿ ಎಂಬುದರ ಮೇಲೆ ಮುಂದಿನದೆಲ್ಲ ನಿಂತಿರುತ್ತದೆ. "ಬೈಕಿಗೂ ಲಾರಿಗೂ ಡಿಕ್ಕಿಯಾಗಿ ನಮ್ಮ ಅಣ್ಣ ಮೃತಪಟ್ಟಿದ್ದಾನೆ" ಎಂದಷ್ಟೇ ಬರೆದರೆ ತಪ್ಪು ಯಾರದೆಂದೇ ತಿಳಿಯುವುದಿಲ್ಲ. ಮೃತರು ಯಾವ ಊರಿನ ಕಡೆಯಿಂದ ಯಾವ ಊರಿನ ಕಡೆಗೆ, ರಸ್ತೆಯ ಯಾವ ಬದಿಯಲ್ಲಿ ಹೋಗುತ್ತಿದ್ದರು, ಎದುರಿನ ವಾಹನ ಎಲ್ಲಿಂದ ಬಂತು, ಓವರ್‌ಟೇಕ್ ಮಾಡುತ್ತಿತ್ತೇ, ಅದರ ನೋಂದಣಿ ಸಂಖ್ಯೆ ಏನು, ಯಾರು ನೋಡಿದರು, ಇಷ್ಟೂ ಬರಬೇಕು. ಗೊತ್ತಿಲ್ಲದ್ದನ್ನು ಸೇರಿಸಬೇಡಿ. ಬರೆಯುವವರು ಸ್ಥಳದಲ್ಲಿ ಇರಲಿಲ್ಲವಾದರೆ "ಇಂಥವರು ಫೋನ್ ಮಾಡಿ ತಿಳಿಸಿದರು" ಎಂದೇ ಬರೆಯಿರಿ. ನೋಡದೆ ನೋಡಿದೆ ಎಂದವರು ಪಾಟಿಸವಾಲಿನಲ್ಲಿ ಐದು ನಿಮಿಷ ನಿಲ್ಲುವುದಿಲ್ಲ. ಆಸ್ಪತ್ರೆಯ ಗಡಿಬಿಡಿಯಲ್ಲಿ ಫಿರ್ಯಾದು ಒಂದೆರಡು ದಿನ ತಡವಾದರೆ ಕೇಸು ಬಿದ್ದುಹೋಗುವುದಿಲ್ಲ, ಆದರೆ ತಡವಾದ ಕಾರಣ ಫಿರ್ಯಾದಿನಲ್ಲೇ ಇರಲಿ.

2024ರ ಜುಲೈ 1ರಿಂದ ಇಂಥ ಸಾವಿಗೆ ಪ್ರಕರಣ ದಾಖಲಾಗುವುದು ಭಾರತೀಯ ನ್ಯಾಯ ಸಂಹಿತೆಯ ಸೆಕ್ಷನ್ 281 ಮತ್ತು 106(1)ರ ಅಡಿ. ಹಳೆಯ ಪ್ರಕರಣಗಳಲ್ಲಿ ಭಾರತೀಯ ದಂಡ ಸಂಹಿತೆಯ 279 ಮತ್ತು 304-ಎ ಎಂದಿರುತ್ತದೆ. ಗಾಯಾಳು ಆಸ್ಪತ್ರೆಯಲ್ಲಿ ಕೆಲವು ದಿನ ಇದ್ದು ಆಮೇಲೆ ತೀರಿಕೊಂಡರೆ ಮೊದಲ ಎಫ್‌ಐಆರ್‌ನಲ್ಲಿ ಬರೀ ಗಾಯದ ಸೆಕ್ಷನ್ ಇರುತ್ತದೆ. ಸಾವಿನ ಸೆಕ್ಷನ್ ಸೇರಿಸಲು ತನಿಖಾಧಿಕಾರಿ ನ್ಯಾಯಾಲಯಕ್ಕೆ ಮನವಿ ಕೊಟ್ಟಿದ್ದಾರೆಯೇ ಎಂದು ಕೇಳಿ ಖಚಿತಪಡಿಸಿಕೊಳ್ಳಿ.

ಇಲ್ಲೇ ದೊಡ್ಡ ಎಡವಟ್ಟು ಆಗುವುದು. ತಲೆಗೆ ಪೆಟ್ಟಾದವರನ್ನು "ಇನ್ನು ಆಗುವುದಿಲ್ಲ" ಎಂದು ಮನೆಗೆ ಕರೆತಂದು, ನಾಲ್ಕು ದಿನಕ್ಕೆ ತೀರಿಕೊಂಡಾಗ ಠಾಣೆಗೂ ತಿಳಿಸದೆ ಅಂತ್ಯಕ್ರಿಯೆ ಮುಗಿಸಿಬಿಡುತ್ತಾರೆ. ಮರಣೋತ್ತರ ಪರೀಕ್ಷೆ ಇಲ್ಲದಿದ್ದರೆ ಅಪಘಾತದ ಗಾಯದಿಂದಲೇ ಸಾವು ಸಂಭವಿಸಿತು ಎಂದು ತೋರಿಸುವ ಕೊಂಡಿಯೇ ತುಂಡಾಗುತ್ತದೆ. ವಿಮಾ ಕಂಪನಿ ಹೃದಯಾಘಾತ ಎನ್ನುತ್ತದೆ, ಬೇರೆ ಕಾಯಿಲೆ ಎನ್ನುತ್ತದೆ. ದೇಹ ಕೊಯ್ಯುವುದು ಬೇಡ ಎಂಬ ಸಂಕಟ ಯಾರಿಗಾದರೂ ಅರ್ಥವಾಗುವಂಥದ್ದೇ. ಆದರೂ ಪರೀಕ್ಷೆ ಬಿಡಬೇಡಿ. ಮನೆಯಲ್ಲೇ ಸಾವಾದರೂ ಮೊದಲು ಠಾಣೆಗೆ ತಿಳಿಸಿ.

ಠಾಣೆಯಿಂದ ಪಡೆಯಬೇಕಾದ ಕಾಗದಗಳು ಇವು: ಎಫ್‌ಐಆರ್ ಮತ್ತು ಫಿರ್ಯಾದು, ಸ್ಥಳ ಮಹಜರು, ಸ್ಥಳದ ನಕ್ಷೆ, ಶವ ಪಂಚನಾಮೆ, ಮರಣೋತ್ತರ ಪರೀಕ್ಷಾ ವರದಿ, ಮೋಟಾರು ವಾಹನ ನಿರೀಕ್ಷಕರ ವರದಿ, ಕೊನೆಗೆ ದೋಷಾರೋಪ ಪಟ್ಟಿ. ಜೊತೆಗೆ ಎದುರು ವಾಹನದ ಆರ್‌ಸಿ, ವಿಮಾ ಪಾಲಿಸಿ, ಚಾಲಕನ ಲೈಸೆನ್ಸ್ ಪ್ರತಿ. ವಿಮೆ ಯಾವ ಕಂಪನಿಯದು, ಅಪಘಾತದ ದಿನ ಚಾಲ್ತಿಯಲ್ಲಿತ್ತೇ ಎಂಬುದನ್ನು ಪರಿವಾಹನ್ ಜಾಲತಾಣದಲ್ಲಿ ವಾಹನ ಸಂಖ್ಯೆ ಹಾಕಿ ನೀವೇ ನೋಡಬಹುದು.

ಈ ಪೈಕಿ ನಕ್ಷೆಯನ್ನೂ ವಾಹನ ನಿರೀಕ್ಷಕರ ವರದಿಯನ್ನೂ ಕೈಗೆ ಬಂದ ದಿನವೇ ಓದಿ. ನಕ್ಷೆಯಲ್ಲಿ ರಸ್ತೆಯ ಅಗಲ ಎಷ್ಟು ಅಡಿ, ಡಿಕ್ಕಿಯಾದ ಜಾಗ ಅಂಚಿನಿಂದ ಎಷ್ಟು ಅಡಿ ಒಳಗೆ ಎಂದು ಗುರುತಿಸಿರುತ್ತಾರೆ. ರಸ್ತೆ 24 ಅಡಿ ಇದ್ದು ಮೃತರ ಎಡ ಅಂಚಿನಿಂದ 5 ಅಡಿಯಲ್ಲಿ ಡಿಕ್ಕಿಯಾಗಿದ್ದರೆ ಅವರು ತಮ್ಮ ಬದಿಯಲ್ಲೇ ಇದ್ದರು ಎಂದಾಯಿತು. ಅದೇ ಜಾಗವನ್ನು ತಪ್ಪಾಗಿ 14 ಅಡಿ ಎಂದು ಗುರುತಿಸಿದ್ದರೆ ಮೃತರೇ ಎದುರು ಬದಿಗೆ ನುಗ್ಗಿದಂತೆ ಕಾಣುತ್ತದೆ, ಪರಿಹಾರದಲ್ಲಿ ಕಾಲು ಭಾಗವೋ ಅರ್ಧವೋ ಕಡಿತವಾಗುತ್ತದೆ. ನಿರೀಕ್ಷಕರ ವರದಿಯಲ್ಲಿ ಯಾವ ವಾಹನದ ಯಾವ ಮೂಲೆ ಜಖಂ ಆಗಿದೆ ಎಂದಿರುತ್ತದೆ. ಅದು ನಕ್ಷೆಯ ಜೊತೆ ತಾಳೆಯಾಗಬೇಕು. ತಪ್ಪಿದ್ದರೆ ದೋಷಾರೋಪ ಪಟ್ಟಿ ಸಲ್ಲಿಕೆಯಾಗುವ ಮುನ್ನವೇ ಮೇಲಧಿಕಾರಿಗೆ ಲಿಖಿತ ತಕರಾರು ಕೊಟ್ಟು ಸ್ವೀಕೃತಿ ಪಡೆಯಿರಿ. ವಾಹನಗಳನ್ನು ತೆರವು ಮಾಡುವ ಮುಂಚಿನ ಫೋಟೊಗಳನ್ನು ಯಾರಾದರೂ ತೆಗೆದಿರುತ್ತಾರೆ, ಹುಡುಕಿ ಇಟ್ಟುಕೊಳ್ಳಿ. ಪಕ್ಕದ ಪೆಟ್ರೋಲ್ ಬಂಕ್, ಅಂಗಡಿ, ಟೋಲ್‌ನ ಸಿಸಿಟಿವಿ ದೃಶ್ಯ ಕೆಲವೇ ದಿನಗಳಲ್ಲಿ ತಾನಾಗಿ ಅಳಿಸಿಹೋಗುತ್ತದೆ. ಅದನ್ನು ವಶಪಡಿಸಿಕೊಳ್ಳುವಂತೆ ತನಿಖಾಧಿಕಾರಿಗೆ ಮೊದಲ ವಾರದಲ್ಲೇ ಬರೆದು ಕೊಡಿ.

ಪೊಲೀಸರು ಮೃತರ ಮೇಲೆಯೇ ಪ್ರಕರಣ ದಾಖಲಿಸಿದ್ದರೆ ಕೈಚೆಲ್ಲಬೇಕಿಲ್ಲ. ಕ್ರಿಮಿನಲ್ ಕೇಸಿನಂತೆ ಸಂಶಯಾತೀತ ಸಾಕ್ಷ್ಯವನ್ನು ಪರಿಹಾರದ ಅರ್ಜಿ ವಿಚಾರಿಸುವ ನ್ಯಾಯಮಂಡಳಿ ಕೇಳುವುದಿಲ್ಲ, ಯಾವುದು ಹೆಚ್ಚು ಸಂಭವನೀಯ ಎಂದಷ್ಟೇ ತೂಗುತ್ತದೆ. ಆದರೆ ಆಗ ಪ್ರತ್ಯಕ್ಷದರ್ಶಿ ಇಲ್ಲದೆ ಆಗುವುದಿಲ್ಲ. ಹೆಲ್ಮೆಟ್ ಇರಲಿಲ್ಲ, ಬೈಕಿನಲ್ಲಿ ಮೂವರು ಇದ್ದರು ಎಂಬ ಒಂದೇ ಕಾರಣಕ್ಕೆ ತಪ್ಪು ಮೃತರದಾಗುವುದಿಲ್ಲ. ಅದರಿಂದಲೇ ಅಪಘಾತವಾಯಿತು ಅಥವಾ ಅದರಿಂದಲೇ ಸಾವಾಯಿತು ಎಂಬುದನ್ನು ವಿಮಾ ಕಂಪನಿ ತೋರಿಸಬೇಕು. ಮೂವರು ಕುಳಿತಿದ್ದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2020ರಲ್ಲಿ ಹೇಳಿದ್ದು ಇದನ್ನೇ.

ಒಂದು ಎಚ್ಚರಿಕೆ. ಡಿಕ್ಕಿ ಹೊಡೆದ ವಾಹನ ಸಿಗಲಿಲ್ಲವೆಂದು, ಅಥವಾ ಅದಕ್ಕೆ ವಿಮೆ ಇಲ್ಲವೆಂದು, ಪರಿಚಿತರ ವಿಮೆ ಇರುವ ಗಾಡಿಯನ್ನು "ಸೇರಿಸಿಬಿಡೋಣ" ಎನ್ನುವ ಮಧ್ಯವರ್ತಿಗಳು ಆಸ್ಪತ್ರೆಯ ಬಾಗಿಲಲ್ಲೇ ಸಿಗುತ್ತಾರೆ. ಜಖಂ ತಾಳೆಯಾಗದೆ ಇದು ಬಯಲಾಗುತ್ತದೆ. ಅರ್ಜಿ ವಜಾ ಆಗುವುದಲ್ಲದೆ ವಂಚನೆಯ ಪ್ರಕರಣ ಮನೆಯವರ ಮೇಲೆಯೇ ಬೀಳುತ್ತದೆ.

ಯಾವ ದಾರಿ ನಿಮ್ಮದು

ಮೋಟಾರು ವಾಹನಗಳ ಕಾಯ್ದೆ, 1988ರಲ್ಲಿ ಮೂರು ದಾರಿಗಳಿವೆ. ಮುಖ್ಯವಾದದ್ದು ಸೆಕ್ಷನ್ 166. ಎದುರು ಚಾಲಕನ ನಿರ್ಲಕ್ಷ್ಯ ತೋರಿಸಬೇಕು, ಮೊತ್ತಕ್ಕೆ ಮೇಲ್ಮಿತಿ ಇಲ್ಲ. ಎರಡನೆಯದು ಸೆಕ್ಷನ್ 164. ಯಾರ ತಪ್ಪು ಎಂದು ನೋಡದೆ ಸಾವಿಗೆ 5 ಲಕ್ಷ ರೂಪಾಯಿ, ಅಷ್ಟೇ. ಮೂರನೆಯದು ವಾಹನ ಪತ್ತೆಯಾಗದಿದ್ದಾಗ ಸೆಕ್ಷನ್ 161ರ ಅಡಿ 2 ಲಕ್ಷ.

ಸೆಕ್ಷನ್ 164ರ 5 ಲಕ್ಷ ಬೇಗ ಸಿಗುತ್ತದೆ ಎಂದು ಸಹಿ ಹಾಕುವ ಮೊದಲು ಇದನ್ನು ತಿಳಿದಿರಿ. ಆ ಮೊತ್ತವನ್ನು ಒಪ್ಪಿ ಪಡೆದರೆ ನ್ಯಾಯಮಂಡಳಿಯ ಮುಂದಿರುವ 166ರ ಅರ್ಜಿ ಅಲ್ಲಿಗೇ ಕೊನೆಗೊಳ್ಳುತ್ತದೆ. ದುಡಿಯುವ ವಯಸ್ಸಿನವರು ತೀರಿಕೊಂಡ ಪ್ರಕರಣದಲ್ಲಿ ಇದು ಎಷ್ಟು ದುಬಾರಿ ಎಂಬುದು ಕೆಳಗಿನ ಲೆಕ್ಕದಲ್ಲಿ ಕಾಣುತ್ತದೆ. ತಪ್ಪು ಮೃತರದ್ದೇ ಎಂಬುದಕ್ಕೆ ಬಲವಾದ ಸಾಕ್ಷ್ಯ ಇದ್ದು, ಎದುರು ಇನ್ನೊಂದು ವಾಹನವೂ ಇದ್ದಾಗ ಮಾತ್ರ 164 ಯೋಚಿಸಬೇಕಾದ ದಾರಿ.

ವಾಹನ ಸಿಗದೇ ಹೋದರೆ ನ್ಯಾಯಮಂಡಳಿಗೆ ಹೋಗಬೇಕಿಲ್ಲ. ಅಪಘಾತವಾದ ತಾಲ್ಲೂಕಿನ ಕ್ಲೇಮು ವಿಚಾರಣಾಧಿಕಾರಿಗೆ, ಅಂದರೆ ಉಪವಿಭಾಗಾಧಿಕಾರಿ ಅಥವಾ ತಹಶೀಲ್ದಾರರಿಗೆ ಅರ್ಜಿ ಕೊಡಬೇಕು. ಎಫ್‌ಐಆರ್, ಮರಣೋತ್ತರ ವರದಿ, ಮರಣ ಪ್ರಮಾಣಪತ್ರ, ಗುರುತಿನ ಚೀಟಿ, ಬ್ಯಾಂಕ್ ಪಾಸ್‌ಬುಕ್ ಪ್ರತಿ ಲಗತ್ತಿಸಿ. ಮುಂದೆ ವಾಹನ ಪತ್ತೆಯಾಗಿ ಬೇರೆ ಪರಿಹಾರ ಸಿಕ್ಕರೆ ಈ ಹಣ ಹಿಂದಿರುಗಿಸುತ್ತೇವೆ ಎಂಬ ಮುಚ್ಚಳಿಕೆಯೂ ಬೇಕು. ಮಂಜೂರು ಮಾಡುವವರು ಜಿಲ್ಲಾಧಿಕಾರಿ, ಹಣ ಖಾತೆಗೆ ಹಾಕುವುದು ಜನರಲ್ ಇನ್ಶೂರೆನ್ಸ್ ಕೌನ್ಸಿಲ್. ಅರ್ಜಿಗಳು ಹೆಚ್ಚಾಗಿ ಕೊಳೆಯುವುದು ತಾಲ್ಲೂಕು ಕಚೇರಿಯಲ್ಲೇ, ಸ್ವೀಕೃತಿ ಸಂಖ್ಯೆ ಇಟ್ಟುಕೊಂಡು ಬೆನ್ನು ಹತ್ತಿ.

ಇನ್ನು ಮೃತರು ತಾವೇ ಓಡಿಸುತ್ತಿದ್ದ ಬೈಕು ಸ್ಕಿಡ್ ಆಗಿಯೋ ಕಾರು ಮರಕ್ಕೆ ಗುದ್ದಿಯೋ ಸಾವಾಗಿದ್ದರೆ ಮೂರನೇ ವ್ಯಕ್ತಿಯ (ಥರ್ಡ್ ಪಾರ್ಟಿ) ವಿಮೆಯಿಂದ, ಅಂದರೆ ಗಾಡಿಯಿಂದ ಬೇರೆಯವರಿಗಾದ ಹಾನಿ ತುಂಬುವ ವಿಮೆಯಿಂದ, ಏನೂ ಬರುವುದಿಲ್ಲ. ತನ್ನ ತಪ್ಪಿನಿಂದ ಸತ್ತವರ ಕುಟುಂಬಕ್ಕೆ ವಿಮಾ ಕಂಪನಿ ಹೊಣೆಯಲ್ಲ ಎಂಬುದನ್ನು ಸುಪ್ರೀಂ ಕೋರ್ಟ್ 2025ರಲ್ಲಿ ಕರ್ನಾಟಕದ್ದೇ ಒಂದು ಪ್ರಕರಣದಲ್ಲಿ ಎತ್ತಿಹಿಡಿಯಿತು. ಆದರೆ ಗಾಡಿ ಅವರ ಹೆಸರಿನಲ್ಲೇ ಇದ್ದು, ಲೈಸೆನ್ಸ್ ಚಾಲ್ತಿಯಲ್ಲಿದ್ದರೆ ಪಾಲಿಸಿಯಲ್ಲಿ "ಮಾಲೀಕ-ಚಾಲಕ ವೈಯಕ್ತಿಕ ಅಪಘಾತ ವಿಮೆ" ಎಂಬ ಸಾಲು ಇದೆಯೇ ನೋಡಿ. 2018ರಿಂದ ಅದರ ಮೊತ್ತ 15 ಲಕ್ಷ ರೂಪಾಯಿ. ಇದಕ್ಕೆ ಕೇಸು ಬೇಡ, ನೇರವಾಗಿ ಕಂಪನಿಗೆ ಕ್ಲೇಮು ಹಾಕಬೇಕು. ಈ ಒಂದು ಸಾಲು ಗಮನಿಸದೆ ಎಷ್ಟೋ ಕುಟುಂಬಗಳು ಕೈಬಿಟ್ಟು ಕುಳಿತಿವೆ. ಗೆಳೆಯನ ಅಥವಾ ಅಣ್ಣನ ಬೈಕು ಎರವಲು ಪಡೆದು ಹೋದವರನ್ನು ಕಾನೂನು ಮಾಲೀಕನ ಸ್ಥಾನದಲ್ಲಿ ನೋಡುತ್ತದೆ. ಅವರಿಗೆ ಮೂರನೇ ವ್ಯಕ್ತಿಯ ಪರಿಹಾರವೂ ಇಲ್ಲ, ಮಾಲೀಕನಿಗಿರುವ ಈ 15 ಲಕ್ಷವೂ ಸಾಮಾನ್ಯವಾಗಿ ಸಿಗುವುದಿಲ್ಲ.

ಸಂಬಳಕ್ಕೆ ಲಾರಿ, ಟ್ಯಾಕ್ಸಿ ಓಡಿಸುತ್ತಿದ್ದ ಚಾಲಕ ಅಥವಾ ಕ್ಲೀನರ್ ತೀರಿಕೊಂಡಿದ್ದರೆ ನೌಕರರ ಪರಿಹಾರದ ದಾರಿ ಇದೆ. ಹಿಂದೆ ಇದು ನೌಕರರ ಪರಿಹಾರ ಕಾಯ್ದೆ, 1923ರಲ್ಲಿತ್ತು, 2025ರ ನವೆಂಬರ್ 21ರಿಂದ ಅದರ ಜಾಗಕ್ಕೆ ಸಾಮಾಜಿಕ ಭದ್ರತಾ ಸಂಹಿತೆ, 2020 ಬಂದಿದೆ. ಅಲ್ಲಿ ಚಾಲಕನ ತಪ್ಪು ಅಡ್ಡಬರುವುದಿಲ್ಲ, ಕೆಲಸದ ಮೇಲೆ ಇದ್ದಾಗ ಸಾವಾಯಿತು ಎಂದು ತೋರಿಸಿದರೆ ಸಾಕು. ಎರಡೂ ಕಾಯ್ದೆಗಳಲ್ಲಿ ಹಕ್ಕಿದ್ದರೆ ಒಂದನ್ನು ಮಾತ್ರ ಆರಿಸಬೇಕು. ತಪ್ಪು ಎದುರು ವಾಹನದ್ದೇ ಆಗಿದ್ದರೆ 166ರಲ್ಲಿ ಹೆಚ್ಚು ಬರುವುದು ಸಾಮಾನ್ಯ.

ಇವೆಲ್ಲದರ ಹೊರಗೆ ಮೃತರ ಬ್ಯಾಂಕ್ ಪಾಸ್‌ಬುಕ್ ಒಮ್ಮೆ ತಿರುವಿ ಹಾಕಿ. ವರ್ಷಕ್ಕೊಮ್ಮೆ, ಮೇ-ಜೂನ್ ಸುಮಾರಿಗೆ, 20 ರೂಪಾಯಿ ಕಡಿತವಾಗಿದ್ದರೆ ಅದು ಪ್ರಧಾನಮಂತ್ರಿ ಸುರಕ್ಷಾ ಬಿಮಾ ಯೋಜನೆ. ಅಪಘಾತದ ಸಾವಿಗೆ 2 ಲಕ್ಷ. ಬ್ಯಾಂಕಿನಲ್ಲಿ ಬೇಗ ಅರ್ಜಿ ಕೊಡಿ. ಕಟ್ಟಡ ಕಾರ್ಮಿಕರ ಮಂಡಳಿಯ ಕಾರ್ಡ್ ಇದ್ದರೆ ಅಲ್ಲಿಯ ನೆರವು ಬೇರೆ.

ಗಡುವು

2022ರ ಏಪ್ರಿಲ್ 1ರಿಂದ ಜಾರಿಗೆ ಬಂದ ತಿದ್ದುಪಡಿಯ ಪ್ರಕಾರ 166ರ ಅರ್ಜಿಯನ್ನು ಅಪಘಾತವಾದ ಆರು ತಿಂಗಳೊಳಗೆ ಸಲ್ಲಿಸಬೇಕು. ಈ ಮಿತಿಯನ್ನು ಸುಪ್ರೀಂ ಕೋರ್ಟಿನಲ್ಲಿ ಪ್ರಶ್ನಿಸಲಾಗಿದ್ದು, ಅವಧಿ ಮೀರಿತು ಎಂಬ ಕಾರಣಕ್ಕೆ ಅರ್ಜಿಗಳನ್ನು ವಜಾ ಮಾಡಬಾರದು ಎಂದು 2025ರ ನವೆಂಬರಿನಲ್ಲಿ ಮಧ್ಯಂತರ ಆದೇಶ ಬಂದಿದೆ. ಮಧ್ಯಂತರ ಆದೇಶವನ್ನು ನಂಬಿ ಕುಳಿತುಕೊಳ್ಳಬೇಡಿ, ಆರು ತಿಂಗಳೇ ಗಡುವು ಎಂದುಕೊಂಡು ನಡೆಯಿರಿ. ಈಗಾಗಲೇ ಮೀರಿದ್ದರೆ ಮಾತ್ರ ಆ ಆದೇಶದ ಈಗಿನ ಸ್ಥಿತಿಯನ್ನು ವಕೀಲರಲ್ಲಿ ಕೇಳಿ ಅರ್ಜಿ ಹಾಕಿ.

ಪೊಲೀಸರಿಗೂ ಗಡುವುಗಳಿವೆ. ಮೊದಲ ಅಪಘಾತ ವರದಿ 48 ಗಂಟೆಯಲ್ಲಿ, ಮಧ್ಯಂತರ ವರದಿ 50 ದಿನದಲ್ಲಿ, ವಿವರವಾದ ವರದಿ 90 ದಿನದಲ್ಲಿ ನ್ಯಾಯಮಂಡಳಿಗೂ ವಿಮಾ ಕಂಪನಿಗೂ ಹೋಗಬೇಕು. ಸಂತ್ರಸ್ತರ ಹಕ್ಕುಗಳ ಮಾಹಿತಿಯ ನಮೂನೆಯನ್ನು 10 ದಿನದೊಳಗೆ ನಿಮಗೆ ಕೊಡಬೇಕು. ಪೊಲೀಸ್ ವರದಿಯನ್ನೇ ಅರ್ಜಿಯೆಂದು ನ್ಯಾಯಮಂಡಳಿ ಪರಿಗಣಿಸಬಹುದು ಎಂದು ಕಾನೂನು ಹೇಳುತ್ತದೆ. ಆದರೂ ಸ್ವಂತ ಅರ್ಜಿ ಹಾಕುವುದೇ ಲೇಸು, ಏಕೆಂದರೆ ಮೃತರ ಆದಾಯದ ವಿವರ ಪೊಲೀಸ್ ವರದಿಯಲ್ಲಿ ನೆಟ್ಟಗೆ ಬರುವುದು ಅಪರೂಪ.

ಅರ್ಜಿಯನ್ನು ಅಪಘಾತವಾದ ಊರಿನಲ್ಲೇ ಹಾಕಬೇಕೆಂದಿಲ್ಲ. ನೀವು ವಾಸವಿರುವ ಜಾಗದ ಅಥವಾ ಎದುರುದಾರ ವಾಸವಿರುವ ಜಾಗದ ನ್ಯಾಯಮಂಡಳಿಯಲ್ಲೂ ಹಾಕಬಹುದು. ಹೈದರಾಬಾದ್ ಹೆದ್ದಾರಿಯಲ್ಲಿ ಅಪಘಾತವಾದ ರಾಯಚೂರಿನ ಕುಟುಂಬ ರಾಯಚೂರಿನಲ್ಲೇ ಹಾಕಲಿ. ಬೆಂಗಳೂರಿನಲ್ಲಿ ಈ ಪ್ರಕರಣಗಳು ಲಘು ವ್ಯವಹಾರಗಳ ನ್ಯಾಯಾಲಯದಲ್ಲಿ, ಉಳಿದೆಡೆ ಜಿಲ್ಲಾ ನ್ಯಾಯಾಲಯ ಮತ್ತು ಹಿರಿಯ ಸಿವಿಲ್ ನ್ಯಾಯಾಲಯಗಳಲ್ಲಿ ಎಂವಿಸಿ (ಮೋಟಾರು ವಾಹನ ಪ್ರಕರಣ) ಸಂಖ್ಯೆಯೊಂದಿಗೆ ನಡೆಯುತ್ತವೆ.

ಅರ್ಜಿದಾರರ ಸಾಲಿನಲ್ಲಿ ಯಾರನ್ನೂ ಬಿಡಬೇಡಿ. ಹೆಂಡತಿ ಅಥವಾ ಗಂಡ, ಮಕ್ಕಳು, ತಾಯಿ-ತಂದೆ ಎಲ್ಲರೂ ಬರಲಿ. ಅತ್ತೆ-ಸೊಸೆಗೆ ಆಗಿಬರದೆ ಸೊಸೆ ಒಬ್ಬಳೇ ಅರ್ಜಿ ಹಾಕಿದರೆ, ಮುಂದೆ ತಾಯಿ ಬೇರೆ ಅರ್ಜಿ ಹಾಕಿ ಎರಡೂ ನಿಂತುಹೋಗುತ್ತವೆ. ಒಟ್ಟಿಗೆ ಹಾಕಿ, ಹಂಚಿಕೆಯನ್ನು ನ್ಯಾಯಾಧೀಶರಿಗೆ ಬಿಡಿ. ಮದುವೆಯಾದ ಮಗಳು, ದುಡಿಯುವ ಮಗ ಕೂಡ ಅರ್ಜಿದಾರರಾಗಬಹುದು. ನಾಡಕಚೇರಿಯ ವಂಶವೃಕ್ಷ, ಪಡಿತರ ಚೀಟಿ, ಆಧಾರ್, ಮರಣ ಪ್ರಮಾಣಪತ್ರಗಳಲ್ಲಿ ಹೆಸರು ಒಂದೇ ರೀತಿ ಇದೆಯೇ ನೋಡಿ. ಒಂದರಲ್ಲಿ ಮಂಜುನಾಥ, ಇನ್ನೊಂದರಲ್ಲಿ ಮಂಜಪ್ಪ ಎಂದಿದ್ದರೆ ಇಬ್ಬರೂ ಒಬ್ಬರೇ ಎಂಬ ಪ್ರಮಾಣಪತ್ರ ಈಗಲೇ ಮಾಡಿಸಿ.

ಲೆಕ್ಕ ಹೀಗೆ

ನಷ್ಟದ ಲೆಕ್ಕ ನ್ಯಾಯಾಧೀಶರ ಅಂದಾಜಲ್ಲ, ಸೂತ್ರವಿದೆ. ಸುಪ್ರೀಂ ಕೋರ್ಟಿನ ಎರಡು ತೀರ್ಪುಗಳು, 2009ರ ಸರಳಾ ವರ್ಮಾ ಮತ್ತು 2017ರ ಪ್ರಣಯ್ ಸೇಠಿ, ಇದರ ಆಧಾರ. ಮನೆಯಲ್ಲೇ ಕುಳಿತು ಹಾಕಿ ನೋಡಬಹುದು.

34 ವರ್ಷದ ಟೈಲ್ಸ್ ಕೆಲಸಗಾರ, ತಿಂಗಳ ಆದಾಯ 18,000 ರೂ. ಎಂದು ಸಾಬೀತಾಗಿದೆ ಎಂದಿಟ್ಟುಕೊಳ್ಳಿ. ಮನೆಯಲ್ಲಿ ಹೆಂಡತಿ, ಇಬ್ಬರು ಮಕ್ಕಳು, ತಾಯಿ. ಮೊದಲು ಭವಿಷ್ಯದ ಏರಿಕೆ ಸೇರಿಸಬೇಕು. ಸ್ವಂತ ದುಡಿಮೆಯವರಿಗೂ ನಿಗದಿತ ಸಂಬಳದವರಿಗೂ 40 ವರ್ಷದೊಳಗೆ ಶೇ 40, 40ರಿಂದ 50ರವರೆಗೆ ಶೇ 25, 50ರಿಂದ 60ರವರೆಗೆ ಶೇ 10. ಕಾಯಂ ನೌಕರರಿಗೆ ಇದೇ ಕ್ರಮದಲ್ಲಿ ಶೇ 50, 30, 15. ಅಲ್ಲಿಗೆ 18,000ಕ್ಕೆ 7,200 ಸೇರಿ 25,200. ಇದರಲ್ಲಿ ಮೃತರ ಸ್ವಂತ ಖರ್ಚು ಕಳೆಯಬೇಕು. ವಿವಾಹಿತರಿಗೆ ಅವಲಂಬಿತರು 2-3 ಇದ್ದರೆ ಮೂರನೇ ಒಂದು, 4-6 ಇದ್ದರೆ ನಾಲ್ಕನೇ ಒಂದು, ಆರಕ್ಕಿಂತ ಹೆಚ್ಚಿದ್ದರೆ ಐದನೇ ಒಂದು ಭಾಗ. ಅವಿವಾಹಿತರಿಗೆ ಸಾಮಾನ್ಯವಾಗಿ ಅರ್ಧ. ಇಲ್ಲಿ ನಾಲ್ವರು, ಆದ್ದರಿಂದ 6,300 ಕಳೆದು 18,900. ವರ್ಷಕ್ಕೆ 2,26,800.

ಇದನ್ನು ವಯಸ್ಸಿನ ಗುಣಕದಿಂದ ಗುಣಿಸಬೇಕು. 15ರಿಂದ 25ರವರೆಗೆ 18, 26-30ಕ್ಕೆ 17, 31-35ಕ್ಕೆ 16, 36-40ಕ್ಕೆ 15, 41-45ಕ್ಕೆ 14, 46-50ಕ್ಕೆ 13, 51-55ಕ್ಕೆ 11, 56-60ಕ್ಕೆ 9, 61-65ಕ್ಕೆ 7, ಮೇಲ್ಪಟ್ಟವರಿಗೆ 5. ನಮ್ಮ ಉದಾಹರಣೆಯಲ್ಲಿ 16, ಅಂದರೆ 36,28,800 ರೂ. ಗುಣಕ ನೋಡುವುದು ಮೃತರ ವಯಸ್ಸಿಗೆ. ಮದುವೆಯಾಗದ ಮಗ ತೀರಿಕೊಂಡಾಗ ತಂದೆತಾಯಿಯ ವಯಸ್ಸು ಹಿಡಿದು ಗುಣಕ ಇಳಿಸುವ ವಾದ ಈಗಲೂ ಕೇಳಿಬರುತ್ತದೆ, ಅದು ನಿಲ್ಲುವುದಿಲ್ಲ.

ಇದರ ಮೇಲೆ ನಿಗದಿತ ಬಾಬ್ತುಗಳು. ಅಂತ್ಯಕ್ರಿಯೆಗೆ 15,000, ಆಸ್ತಿ ನಷ್ಟಕ್ಕೆ (ಮೃತರು ಉಳಿಸಿ ಬಿಟ್ಟುಹೋಗುತ್ತಿದ್ದುದರ ನಷ್ಟ) 15,000, ಸಾಂಗತ್ಯ ನಷ್ಟಕ್ಕೆ (ಮೃತರ ಪ್ರೀತಿ, ಆಸರೆ, ಒಡನಾಟ ಕಳೆದುಕೊಂಡದ್ದಕ್ಕೆ) 40,000 ಎಂದು 2017ರಲ್ಲಿ ನಿಗದಿಯಾಗಿ, ಮೂರು ವರ್ಷಕ್ಕೊಮ್ಮೆ ಶೇ 10 ಏರುತ್ತವೆ. ಎರಡು ಏರಿಕೆಯ ನಂತರ ಇವು 18,150, 18,150 ಮತ್ತು 48,400. ಸಾಂಗತ್ಯ ನಷ್ಟ ಹೆಂಡತಿಗೆ ಮಾತ್ರವಲ್ಲ, ಮಕ್ಕಳಿಗೂ ತಂದೆತಾಯಿಗೂ ತಲಾ ಲೆಕ್ಕದಲ್ಲಿ ಸಿಗುತ್ತದೆ. ನಾಲ್ವರಿಗೆ 1,93,600. ಒಟ್ಟು 38,58,700 ರೂ. ಸಾವಿಗೆ ಮುಂಚಿನ ಆಸ್ಪತ್ರೆ ಖರ್ಚು ಇದ್ದರೆ ಬಿಲ್ಲುಗಳ ಮೇಲೆ ಪ್ರತ್ಯೇಕ. ಜೀವವಿಮೆ, ಪಿಎಫ್, ಗ್ರಾಚ್ಯುಟಿ, ಕುಟುಂಬ ಪಿಂಚಣಿ, ಅನುಕಂಪದ ನೌಕರಿ ಯಾವುದನ್ನೂ ಇದರಿಂದ ಕಳೆಯುವಂತಿಲ್ಲ. ಕಳೆಯುವುದು ಆದಾಯ ತೆರಿಗೆ ಮಾತ್ರ.

ಈಗ ಅದೇ ಮನುಷ್ಯನ ಆದಾಯ ಸಾಬೀತಾಗದೆ 12,000 ಎಂದು ಹಿಡಿದರು ಎನ್ನಿ. ಅವಲಂಬನೆಯ ನಷ್ಟ 36,28,800ರಿಂದ 24,19,200ಕ್ಕೆ ಇಳಿಯುತ್ತದೆ. ಈ ಕುಟುಂಬದ ಮಟ್ಟಿಗೆ ತಿಂಗಳ ಆದಾಯದಲ್ಲಿ ಸಾಬೀತಾಗುವ ಪ್ರತಿ 1,000 ರೂಪಾಯಿಗೆ 2,01,600 ರೂ. ಬೆಲೆ. ವಕೀಲರ ವಾಗ್ಝರಿಗಿಂತ ಒಂದು ಹಳೆಯ ರಸೀದಿ ಪುಸ್ತಕ ಹೆಚ್ಚು ತಂದುಕೊಡಬಲ್ಲದು.

ಆದಾಯಕ್ಕೆ ಪುರಾವೆ

ಸಂಬಳದಾರರಿಗೆ ಸುಲಭ. ಆರು ತಿಂಗಳ ವೇತನ ಚೀಟಿ, ಫಾರ್ಮ್ 16, ಬ್ಯಾಂಕ್ ಸ್ಟೇಟ್‌ಮೆಂಟ್. ಆದರೆ ಬರೀ ಚೀಟಿ ಸಲ್ಲಿಸಿ ಸುಮ್ಮನಾಗಬಾರದು, ಕಂಪನಿಯ ಎಚ್‌ಆರ್ ಅಥವಾ ಲೆಕ್ಕಿಗರನ್ನು ಸಾಕ್ಷಿಯಾಗಿ ಕರೆಸಬೇಕು. ಸಾಕ್ಷಿ ಬಾರದೆ ಒಳ್ಳೆಯ ಸಂಬಳದ ಚೀಟಿಯನ್ನು ಬದಿಗಿಟ್ಟು ಕಾಲ್ಪನಿಕ ಆದಾಯ, ಅಂದರೆ ನ್ಯಾಯಮಂಡಳಿ ತಾನೇ ಅಂದಾಜು ಮಾಡಿದ ಆದಾಯ, ಹಿಡಿದ ತೀರ್ಪುಗಳಿವೆ.

ಕಷ್ಟ ಇರುವುದು ಕೈಗೆ ಕೂಲಿ ಪಡೆಯುವವರದ್ದು. ಸಾವಾದ ಮೇಲೆ ಮೇಸ್ತ್ರಿ ಬರೆದುಕೊಟ್ಟ "ತಿಂಗಳಿಗೆ 30,000 ಕೊಡುತ್ತಿದ್ದೆ" ಎಂಬ ಬಿಳಿ ಹಾಳೆಗೆ ಬೆಲೆಯಿಲ್ಲ. ಸಾವಿಗೆ ಮುಂಚೆ ಹುಟ್ಟಿದ ಕಾಗದ ಬೇಕು. ಫೋನ್‌ಪೇ, ಗೂಗಲ್ ಪೇ ಮೂಲಕ ಬಂದ ಹಣ ಕಾಣುವ ಬ್ಯಾಂಕ್ ಸ್ಟೇಟ್‌ಮೆಂಟ್, ಗಾಡಿಯ ಅಥವಾ ಫ್ರಿಜ್ಜಿನ ಇಎಂಐ ಕಂತು, ಮಕ್ಕಳ ಶಾಲಾ ಶುಲ್ಕದ ರಸೀದಿ, ಮನೆ ಬಾಡಿಗೆ ಕರಾರು, ಕಾರ್ಮಿಕ ಮಂಡಳಿಯ ಕಾರ್ಡ್, ಅಂಗಡಿ ಲೈಸೆನ್ಸ್. ತಿಂಗಳಿಗೆ 9,000 ಕಂತು ತಪ್ಪದೆ ಕಟ್ಟಿದವರ ಆದಾಯ 12,000 ಎನ್ನುವುದು ಕಷ್ಟ. ಫೋನ್ ಸಿಮ್ ರದ್ದಾಗುವ ಮೊದಲೇ ಸ್ಟೇಟ್‌ಮೆಂಟ್‌ಗಳನ್ನು ತೆಗೆದಿಡಿ.

ರೈತರ ವಿಷಯದಲ್ಲಿ ವಿಮಾ ಕಂಪನಿಯ ವಾದ ಒಂದೇ: ಜಮೀನು ಹಾಗೇ ಇದೆ, ನಷ್ಟವೆಲ್ಲಿ? ಬರೀ ಪಹಣಿ ಕೊಟ್ಟರೆ ಈ ವಾದಕ್ಕೆ ನೀವೇ ಬಲ ಕೊಟ್ಟಂತೆ. ಅವರ ದುಡಿಮೆಯಿಂದ ಏನು ಬರುತ್ತಿತ್ತು ಎಂದು ತೋರಿಸಿ. ಹಾಲು ಉತ್ಪಾದಕರ ಸಂಘದ ಪಾಸ್‌ಬುಕ್, ಎಪಿಎಂಸಿ ಪಟ್ಟಿಗಳು, ರೇಷ್ಮೆ ಗೂಡು ಮಾರಿದ ಚೀಟಿ, ಟ್ರ್ಯಾಕ್ಟರ್ ಬಾಡಿಗೆಯ ಲೆಕ್ಕ, ಈಗ ಜಮೀನನ್ನು ಗುತ್ತಿಗೆಗೋ ಕೋರಿಗೋ ಕೊಟ್ಟಿದ್ದರೆ ಅದರ ಕರಾರು. ಗೃಹಿಣಿ ತೀರಿಕೊಂಡರೆ ಆದಾಯವಿಲ್ಲ ಎಂದು ಬಿಡುವಂತಿಲ್ಲ. ಮನೆಗೆಲಸಕ್ಕೂ ಕಾಲ್ಪನಿಕ ಆದಾಯ ಹಿಡಿಯಬೇಕು, ಅದಕ್ಕೆ ಭವಿಷ್ಯದ ಏರಿಕೆಯನ್ನೂ ಸೇರಿಸಬಹುದು ಎಂದು ಸುಪ್ರೀಂ ಕೋರ್ಟ್ 2021ರಲ್ಲಿ ಹೇಳಿದೆ.

ಯಾವ ಪುರಾವೆಯೂ ಇಲ್ಲದಿದ್ದಾಗ ಕರ್ನಾಟಕದಲ್ಲಿ ರಾಜ್ಯ ಕಾನೂನು ಸೇವೆಗಳ ಪ್ರಾಧಿಕಾರದ ಪಟ್ಟಿ ನೋಡುತ್ತಾರೆ. ಅಪಘಾತವಾದ ವರ್ಷಕ್ಕೆ ತಕ್ಕಂತೆ ಕಾಲ್ಪನಿಕ ಆದಾಯ ಅದರಲ್ಲಿದೆ. ಲೋಕ ಅದಾಲತ್‌ಗೆಂದು ಮಾಡಿದ ಈ ಪಟ್ಟಿಯನ್ನು ಹೈಕೋರ್ಟೂ ಅನುಸರಿಸುತ್ತ ಬಂದಿದೆ. ನಿಮ್ಮ ತೀರ್ಪಿನಲ್ಲಿ ಅದಕ್ಕಿಂತ ಕಡಿಮೆ ಹಿಡಿದಿದ್ದರೆ ಮೇಲ್ಮನವಿಗೆ ಅದೇ ಗಟ್ಟಿ ಕಾರಣ.

ವಿಮಾ ಕಂಪನಿ ಎತ್ತುವ ತಕರಾರು

ಚಾಲಕನ ಲೈಸೆನ್ಸ್ ಮುಗಿದಿತ್ತು, ಪರ್ಮಿಟ್ ಇರಲಿಲ್ಲ ಎಂಬ ತಕರಾರುಗಳಿಗೆ ಹೆದರಬೇಡಿ. ಇಂಥಲ್ಲಿ ಹೆಚ್ಚಾಗಿ "ಮೊದಲು ಕುಟುಂಬಕ್ಕೆ ಕೊಡಿ, ಆಮೇಲೆ ಮಾಲೀಕನಿಂದ ವಸೂಲು ಮಾಡಿಕೊಳ್ಳಿ" ಎಂಬ ಆದೇಶವಾಗುತ್ತದೆ. ಹೆದರಬೇಕಾದ್ದು ಬೇರೆ ಎರಡಕ್ಕೆ. ಟಾಟಾ ಏಸ್‌ನಲ್ಲೋ ಟ್ರ್ಯಾಕ್ಟರ್ ಟ್ರೈಲರ್‌ನಲ್ಲೋ ಮದುವೆ ದಿಬ್ಬಣಕ್ಕೆ ಹೋಗಿದ್ದವರು ಅದೇ ವಾಹನ ಪಲ್ಟಿಯಾಗಿ ಸತ್ತರೆ, ಸರಕು ವಾಹನದಲ್ಲಿ ಪುಕ್ಕಟೆ ಪ್ರಯಾಣಿಕರು ಎಂದು ವಿಮಾ ಕಂಪನಿ ಹೊಣೆಯಿಂದ ಪಾರಾಗುತ್ತದೆ. ಸರಕಿನ ಮಾಲೀಕರಾಗಿ, ತಮ್ಮ ತರಕಾರಿ ಮೂಟೆಯ ಜೊತೆ ಹೋಗುತ್ತಿದ್ದವರಿಗೆ ರಕ್ಷಣೆ ಇದೆ, ಆದರೆ ಆ ಸಂಗತಿ ಫಿರ್ಯಾದಿನಲ್ಲೂ ಮಹಜರಿನಲ್ಲೂ ಬಂದಿರಬೇಕು. ಎರಡನೆಯದು ಬೈಕಿನ ಹಿಂಬದಿ ಸವಾರರು. ತಾವು ಕುಳಿತಿದ್ದ ಬೈಕಿನದೇ ತಪ್ಪಾಗಿದ್ದು ಅದಕ್ಕೆ ಬರೀ ಥರ್ಡ್ ಪಾರ್ಟಿ ಪಾಲಿಸಿ ಇದ್ದರೆ ಕಂಪನಿ ನುಣುಚಿಕೊಳ್ಳುತ್ತದೆ, ಸ್ವಂತ ಗಾಡಿಯ ಹಾನಿಯನ್ನೂ ಒಳಗೊಂಡ ಪ್ಯಾಕೇಜ್ ಪಾಲಿಸಿ ಇದ್ದರೆ ಕೊಡಬೇಕು. ಎರಡು ವಾಹನಗಳ ತಪ್ಪಿನಿಂದ ಹಿಂಬದಿ ಸವಾರ ಸತ್ತಿದ್ದರೆ ಎರಡರಲ್ಲಿ ಯಾರಿಂದ ಬೇಕಾದರೂ ಪೂರ್ತಿ ಪರಿಹಾರ ಕೇಳಬಹುದು, ಹಾಗಾಗಿ ಎರಡೂ ವಾಹನಗಳ ಮಾಲೀಕರನ್ನೂ ವಿಮಾ ಕಂಪನಿಗಳನ್ನೂ ಪ್ರತಿವಾದಿ ಮಾಡಿ.

ಎದುರು ವಾಹನಕ್ಕೆ ವಿಮೆಯೇ ಇಲ್ಲದಿದ್ದರೆ ಹೊಣೆ ಮಾಲೀಕನದು. ಮ್ಯಾಜಿಸ್ಟ್ರೇಟರು ವಾಹನ ಬಿಡುಗಡೆ ಮಾಡುವ ಮುನ್ನ ಭದ್ರತೆ ಪಡೆಯಬೇಕು ಎಂದು ಅಲ್ಲೇ ತಕರಾರು ಸಲ್ಲಿಸಿ. ಗಾಡಿ ಒಮ್ಮೆ ಹೊರಹೋದರೆ ಮಾರಾಟವಾಗಿ ಮಾಯವಾಗುತ್ತದೆ.

ವಿಮಾ ಕಂಪನಿಯ ತನಿಖೆಯವರು ಮನೆಗೆ ಬರುತ್ತಾರೆ. ಕಾಗದದ ಪ್ರತಿ ಕೊಡಿ, ಆದರೆ ಖಾಲಿ ಹಾಳೆಗೂ ಓದಲಾಗದ ಭಾಷೆಯ ಹೇಳಿಕೆಗೂ ಸಹಿ ಬೇಡ.

ವಕೀಲರು, ರಾಜಿ, ಹಣ

"ಗೆದ್ದರೆ ಇಷ್ಟು ಪರ್ಸೆಂಟ್" ಎಂಬ ಒಪ್ಪಂದ ವಕೀಲರ ಪರಿಷತ್ತಿನ ನಿಯಮಕ್ಕೆ ವಿರುದ್ಧ. ಶುಲ್ಕವನ್ನು ಮೊತ್ತದಲ್ಲಿ ಮಾತಾಡಿ ಬರೆಸಿಕೊಳ್ಳಿ. ಮಹಿಳೆಯರಿಗೆ, ಪರಿಶಿಷ್ಟ ಜಾತಿ-ಪಂಗಡದವರಿಗೆ ಆದಾಯ ಮಿತಿಯಿಲ್ಲದೆ ಉಚಿತ ವಕೀಲರು ಸಿಗುತ್ತಾರೆ. ಜಿಲ್ಲಾ ನ್ಯಾಯಾಲಯದ ಆವರಣದಲ್ಲಿರುವ ಕಾನೂನು ಸೇವೆಗಳ ಪ್ರಾಧಿಕಾರದಲ್ಲಿ ವಿಚಾರಿಸಿ, ಸಹಾಯವಾಣಿ 15100.

ಲೋಕ ಅದಾಲತ್‌ನಲ್ಲಿ ರಾಜಿಯಾದರೆ ಹಣ ಬೇಗ ಬರುತ್ತದೆ, ಆದರೆ ಅದರ ಮೇಲೆ ಮೇಲ್ಮನವಿ ಇಲ್ಲ. ಮೇಲಿನ ಲೆಕ್ಕ ಹಾಕಿದ ಚೀಟಿ ಕೈಯಲ್ಲಿಟ್ಟುಕೊಂಡು ಕುಳಿತುಕೊಳ್ಳಿ. ತಪ್ಪಿನ ವಿಷಯದಲ್ಲಿ ನಿಮ್ಮ ಕೇಸು ದುರ್ಬಲವಾಗಿದ್ದರೆ ಸ್ವಲ್ಪ ಬಿಟ್ಟುಕೊಡುವುದು ಜಾಣತನ. ದೋಷಾರೋಪ ಪಟ್ಟಿ, ಆದಾಯದ ಪುರಾವೆ ಎರಡೂ ಗಟ್ಟಿ ಇದ್ದರೆ ಅರ್ಧಕ್ಕೆ ಒಪ್ಪಲು ಕಾರಣವೇ ಇಲ್ಲ.

ಬಡ್ಡಿ ಓಡುವುದು ಅರ್ಜಿ ಸಲ್ಲಿಸಿದ ದಿನದಿಂದ, ಅಪಘಾತದ ದಿನದಿಂದಲ್ಲ. ಕರ್ನಾಟಕದಲ್ಲಿ ಸಾಮಾನ್ಯವಾಗಿ ವಾರ್ಷಿಕ ಶೇ 6 ಕೊಡುತ್ತಾರೆ. ಮೇಲಿನ ಉದಾಹರಣೆಯಲ್ಲಿ ಅರ್ಜಿ ಒಂದು ತಿಂಗಳು ತಡವಾದರೆ ಸುಮಾರು 19,000 ರೂಪಾಯಿ ಹೋದಂತೆ. ತೀರ್ಪಾದ 30 ದಿನದೊಳಗೆ ಹಣ ಠೇವಣಿಯಾಗಬೇಕು. ಆಗದಿದ್ದರೆ ತೀರ್ಪನ್ನು ಜಾರಿ ಮಾಡಿಸುವ ಅಮಲ್ಜಾರಿ ಅರ್ಜಿ ಹಾಕಿ, ಭೂಕಂದಾಯ ಬಾಕಿಯಂತೆ ವಸೂಲು ಮಾಡಲು ಅವಕಾಶವಿದೆ. ಸಾರಿಗೆ ನಿಗಮದ ಬಸ್ಸಾದರೆ ಬಸ್ಸನ್ನೇ ಜಪ್ತಿ ಮಾಡಿಸಬಹುದು. ಜಪ್ತಿ ವಾರಂಟ್ ಹಿಡಿದು ಕೋರ್ಟಿನ ಅಮೀನರು ಡಿಪೋಗೆ ಹೋದ ಮೇಲೆ ಹಣ ಬಂದದ್ದು ಹೊಸ ಸಂಗತಿಯಲ್ಲ.

ಮೊತ್ತ ಕಡಿಮೆ ಅನ್ನಿಸಿದರೆ 90 ದಿನದೊಳಗೆ ಹೈಕೋರ್ಟಿಗೆ ಮೇಲ್ಮನವಿ (ಎಂಎಫ್ಎ) ಸಲ್ಲಿಸಬೇಕು, ನಿಮ್ಮ ಜಿಲ್ಲೆಗೆ ತಕ್ಕಂತೆ ಬೆಂಗಳೂರು, ಧಾರವಾಡ ಅಥವಾ ಕಲಬುರಗಿ ಪೀಠದಲ್ಲಿ. ವ್ಯಾಜ್ಯದ ಮೊತ್ತ 1 ಲಕ್ಷಕ್ಕಿಂತ ಕಡಿಮೆಯಾದರೆ ಮೇಲ್ಮನವಿ ಇಲ್ಲ.

ಅಪ್ರಾಪ್ತ ಮಕ್ಕಳ ಪಾಲು ಅವರಿಗೆ 18 ತುಂಬುವವರೆಗೆ ಬ್ಯಾಂಕಿನಲ್ಲಿ ನಿಶ್ಚಿತ ಠೇವಣಿಯಾಗಿರುತ್ತದೆ. ಹೆಂಡತಿಯ ಪಾಲಿನಲ್ಲೂ ಒಂದು ಭಾಗವನ್ನು ಹೀಗೆ ಇಡಿಸುವುದುಂಟು. ಓದು, ಚಿಕಿತ್ಸೆ, ಮನೆ ರಿಪೇರಿಗೆ ಅವಧಿಗೆ ಮುಂಚೆ ಬೇಕಾದರೆ ಶುಲ್ಕದ ರಸೀದಿ ಅಥವಾ ಅಂದಾಜು ಪಟ್ಟಿ ಲಗತ್ತಿಸಿ ಅದೇ ನ್ಯಾಯಮಂಡಳಿಗೆ ಅರ್ಜಿ ಕೊಟ್ಟರೆ ಬಿಡುಗಡೆ ಮಾಡುತ್ತಾರೆ. ಪ್ರತಿಯೊಬ್ಬ ಅರ್ಜಿದಾರರ ಆಧಾರ್, ಪ್ಯಾನ್, ಖಾತೆ ಸಂಖ್ಯೆ, ಐಎಫ್‌ಎಸ್‌ಸಿ ಕಡತದಲ್ಲಿ ಇರಲಿ. ಮನೆ ಬದಲಾಯಿಸಿದರೆ, ಫೋನ್ ನಂಬರ್ ಬದಲಾದರೆ ವಕೀಲರಿಗೂ ನ್ಯಾಯಾಲಯಕ್ಕೂ ತಿಳಿಸಿ. ತೀರ್ಪಾಗಿ, ಠೇವಣಿಯೂ ಆಗಿ, ಕೇಳುವವರಿಲ್ಲದೆ ನ್ಯಾಯಮಂಡಳಿಗಳಲ್ಲೇ ಉಳಿದ ಹಣ ಎಷ್ಟಿತ್ತೆಂದರೆ 2025ರಲ್ಲಿ ಸುಪ್ರೀಂ ಕೋರ್ಟೇ ಅದಕ್ಕಾಗಿ ನಿರ್ದೇಶನ ಹೊರಡಿಸಬೇಕಾಯಿತು.